ಅಪ್ಪನ ಕುರ್ಚಿ: ವತನದಿಂದ ಅನುಕಂಪದವರೆಗೆ

ಹೊರನಾಡಿನ ಯಾವುದೇ ಕನ್ನಡ ಸಂಘದ ಸದಸ್ಯರ ಯಾದಿಯನ್ನು ತೆರೆದು ನೋಡಿದರೂ ಕುಲಕರ್ಣಿ, ದೇಸಾಯಿ, ದೇಶಪಾಂಡೆ, ಪಾಟೀಲ, ನಾಡಗೌಡ, ಶಾನಭಾಗ ಮುಂತಾದ ಹೆಸರುಗಳು ಸಾಲುಸಾಲಾಗಿ ಕಣ್ಣಿಗೆ ಬೀಳುತ್ತವೆ. ಇಂದು ಇವು ಬರಿಯ ಅಡ್ಡಹೆಸರುಗಳು. ಆದರೆ ಒಂದು ಕಾಲಕ್ಕೆ ಇವೆಲ್ಲ ಹುದ್ದೆಗಳಾಗಿದ್ದವು. ಕುಲಕರ್ಣಿಯ ಮಗ ಕುಲಕರ್ಣಿಯಾಗುತ್ತಿದ್ದ, ಪಾಟೀಲನ ಮಗ ಪಾಟೀಲನಾಗುತ್ತಿದ್ದ. ತಂದೆ ಕಣ್ಣು ಮುಚ್ಚಿದರೆ ದಪ್ತರದ ಗಂಟು ಮಗನ ಹೆಗಲಿಗೆ ಬರುತ್ತಿತ್ತು. ಹುದ್ದೆ ಹೋಗಿ ಎರಡು ಮೂರು ತಲೆಮಾರುಗಳಾದರೂ ಹೆಸರು ಮಾತ್ರ ನಮ್ಮೊಡನೆ ರೈಲು ಹತ್ತಿ ಮುಂಬಯಿ, ಪುಣೆ, ದಿಲ್ಲಿಗಳಿಗೆ ಬಂದುಬಿಟ್ಟಿದೆ.

ತಂದೆಯ ಸರಕಾರಿ ಹುದ್ದೆ ಮಗನಿಗೆ ಎಂಬ ಈ ಪದ್ಧತಿಯನ್ನು ಸ್ವತಂತ್ರ ಭಾರತ ಕಾಯಿದೆಯಿಂದಲೇ ಕೊನೆಗಾಣಿಸಿತು. ಆದರೂ ಸರಕಾರಿ ನೌಕರನೊಬ್ಬ ಸೇವೆಯಲ್ಲಿರುವಾಗಲೇ ತೀರಿಕೊಂಡರೆ ಅವನ ಹೆಂಡತಿಗೋ ಮಗನಿಗೋ ಮಗಳಿಗೋ ಒಂದು ಕೆಲಸ ಕೊಡುವ ಏರ್ಪಾಡು ನಮ್ಮಲ್ಲಿದೆ. ಅನುಕಂಪದ ಆಧಾರದ ನೇಮಕಾತಿ ಎಂದು ಅದಕ್ಕೆ ಹೆಸರು. ಹಾಗಾದರೆ ಹಿಂಬಾಗಿಲಿನಿಂದ ಹಳೆಯ ವತನವೇ ಮರಳಿ ಬಂದಿತೇ? ಅಥವಾ ಇದು ಬೇರೆಯದೇ ಆದ ವಸ್ತುವೇ? ಈ ಪ್ರಶ್ನೆ ಕೇವಲ ಪಂಡಿತರ ಚರ್ಚೆಯದಲ್ಲ. ಊರು ಬಿಟ್ಟು ಬಂದ ನಮ್ಮಲ್ಲಿ ಅನೇಕರ ಸಂಸಾರ ರೈಲ್ವೆ, ಅಂಚೆ, ಕಸ್ಟಮ್ಸ್, ಲೆಕ್ಕಪತ್ರ ಕಚೇರಿಗಳ ಒಂದೇ ಒಂದು ಸಂಬಳದ ಮೇಲೆ ನಿಂತದ್ದು. ದುಡಿಯುವ ಕೈ ಹಠಾತ್ತನೆ ನಿಂತುಹೋದರೆ ಸಂಬಳದ ಜೊತೆಗೆ ಕ್ವಾರ್ಟರ್ಸೂ ಹೋಗುತ್ತದೆ. ಊರಲ್ಲಾದರೆ ಅಣ್ಣತಮ್ಮಂದಿರ ಆಸರೆ, ಹೊಲ, ಹಿತ್ತಿಲು ಏನಾದರೂ ಇದ್ದೀತು. ಪರಊರಿನಲ್ಲಿ ಏನಿದೆ? ಆದ್ದರಿಂದ ಈ ಏರ್ಪಾಡು ಎಲ್ಲಿಂದ ಬಂದಿತು, ಹೇಗೆ ಬೆಳೆಯಿತು ಎಂಬುದನ್ನು ನಾವು ತಿಳಿದಿರುವುದು ಒಳ್ಳೆಯದು.

ಸತ್ತ ಸೇವಕನ ಮನೆಯವರನ್ನು ಆಳುವವರು ನೋಡಿಕೊಳ್ಳಬೇಕೆಂಬ ಭಾವನೆ ನಮ್ಮ ನಾಡಿಗೆ ಹೊಸದಲ್ಲ. ಕಾಳಗದಲ್ಲಿ ಮಡಿದವನ ಕುಟುಂಬಕ್ಕೆ ಬಿಡುತ್ತಿದ್ದ ಭೂಮಿಗೆ ಕನ್ನಡ ಶಾಸನಗಳಲ್ಲಿ ನೆತ್ತರುಗೊಡಗೆ ಎಂಬ ಹೆಸರೇ ಇದೆ. ನೆತ್ತರಿಗೆ ಪ್ರತಿಯಾಗಿ ಕೊಟ್ಟ ಕೊಡುಗೆ ಎಂದು ಅರ್ಥ. ಬೆಂಗಳೂರಿನ ಸರಕಾರಿ ವಸ್ತುಸಂಗ್ರಹಾಲಯದಲ್ಲಿ ಬೇಗೂರಿನಿಂದ ತಂದಿಟ್ಟ ಸುಮಾರು ಕ್ರಿ.ಶ. 900ರ ಒಂದು ದೊಡ್ಡ ವೀರಗಲ್ಲಿದೆ. ಗಂಗರ ಎರೆಯಪ್ಪನ ಅಪ್ಪಣೆಯಂತೆ ನಾಗತ್ತರನೆಂಬ ನಾಯಕನು ಪಡೆಯೊಡನೆ ಹೋಗಿ ತುಂಬೆಪಾಡಿಯ ಕಾಳಗದಲ್ಲಿ ಆನೆಗಳ ನಡುವೆ ನುಗ್ಗಿ ಸತ್ತನು. ಅದನ್ನು ಕೇಳಿ ಮೆಚ್ಚಿದ ಅರಸನು ಇರುಗನೆಂಬವನಿಗೆ ನಾಗತ್ತರ ಪಟ್ಟವನ್ನು ಕಟ್ಟಿ, ಇಂದಿನ ಬೇಗೂರಾದ ಬೆಂಪೂರು ಮೊದಲಾದ ಹಳ್ಳಿಗಳನ್ನು ಕಲ್ನಾಡಾಗಿ ಕೊಟ್ಟನೆಂದು ಆ ಕಲ್ಲು ಹೇಳುತ್ತದೆ. ಇಲ್ಲಿ ಎರಡು ಸಂಗತಿಗಳು ಬೆರೆತಿವೆ: ಒಂದು ಸತ್ತವನ ಸೇವೆಗೆ ಸಂದ ಕೊಡುಗೆ, ಇನ್ನೊಂದು ಅವನ ಸ್ಥಾನವನ್ನು ತುಂಬುವುದು. ಮುಂದೆ ಸಾವಿರ ವರ್ಷಗಳ ನಂತರವೂ ಈ ಎರಡನ್ನು ಬಿಡಿಸುವುದೇ ನಮ್ಮ ನ್ಯಾಯಾಲಯಗಳಿಗೆ ದೊಡ್ಡ ಕೆಲಸವಾಯಿತು.

ಕಾಲ ಕಳೆದಂತೆ ಸ್ಥಾನವೇ ಆಸ್ತಿಯಾಯಿತು. ಬ್ರಿಟಿಷರು ಬಂದಾಗ ಹಳ್ಳಿಯ ಆಡಳಿತವೆಲ್ಲ ವಂಶಪಾರಂಪರ್ಯದ ಹಿಡಿತದಲ್ಲಿತ್ತು. ಅದನ್ನು ಅವರು ಕೀಳಲಿಲ್ಲ, ಕಾಯಿದೆಯ ಚೌಕಟ್ಟಿನೊಳಗೆ ತಂದರು. ಧಾರವಾಡ, ಬೆಳಗಾವಿ, ವಿಜಾಪುರಗಳು ಸೇರಿದ್ದ ಮುಂಬಯಿ ಇಲಾಖೆಯಲ್ಲಿ 1874ರಲ್ಲಿ ವಂಶಪಾರಂಪರ್ಯ ಹುದ್ದೆಗಳ ಕಾಯಿದೆ ಬಂದಿತು. ವತನ ಕಾಯಿದೆಯೆಂದು ಜನ ಕರೆದದ್ದು ಇದನ್ನೇ. ಬಳ್ಳಾರಿ, ದಕ್ಷಿಣ ಕನ್ನಡಗಳು ಸೇರಿದ್ದ ಮದರಾಸು ಪ್ರಾಂತ 1895ರಲ್ಲಿ ಇಂಥದೇ ಕಾಯಿದೆ ಮಾಡಿತು. ಮೈಸೂರು ಸಂಸ್ಥಾನದ ಗ್ರಾಮಾಧಿಕಾರಗಳ ಕಾಯಿದೆ 1908ರದು. ಪಟೇಲ, ಶಾನುಭೋಗರಿಂದ ಹಿಡಿದು ತಳವಾರ, ತೋಟಿಗಳವರೆಗೆ ಎಲ್ಲರದೂ ಮನೆತನದ ಕೆಲಸವೇ. ಹುದ್ದೆಯ ಜೊತೆಗೆ ಇನಾಮು ಜಮೀನು, ಮಾನಮರ್ಯಾದೆ, ಊರ ಜಾತ್ರೆಯಲ್ಲಿ ಮೊದಲ ತೆಂಗಿನಕಾಯಿ.

ಈ ಪದ್ಧತಿಯಲ್ಲಿ ಒಳ್ಳೆಯದೇನೂ ಇರಲಿಲ್ಲವೆಂದು ಹೇಳಲಾಗದು. ಶಾನುಭೋಗನಿಗೆ ಊರಿನ ಪ್ರತಿಯೊಂದು ಬದುವೂ ಬಾಯಿಪಾಠವಾಗಿರುತ್ತಿತ್ತು. ತಂದೆಯ ಪಕ್ಕದಲ್ಲಿ ಕುಳಿತೇ ಮಗ ಲೆಕ್ಕ ಕಲಿಯುತ್ತಿದ್ದ. ಆದರೆ ಇದರ ಬೆಲೆ ತೆತ್ತವರು ಉಳಿದ ಜನ. ಎಷ್ಟೇ ಬುದ್ಧಿವಂತನಾದರೂ ತಳವಾರನ ಮಗ ಶಾನುಭೋಗನಾಗುವಂತಿರಲಿಲ್ಲ. ಇನ್ನು ಹೆಣ್ಣಿನ ಪಾಡು? 1886ರಲ್ಲಿ ಮುಂಬಯಿ ಸರಕಾರ ವತನ ಕಾಯಿದೆಗೆ ಒಂದು ತಿದ್ದುಪಡಿ ತಂದಿತು. ಅದರಂತೆ ಕೊನೆಯ ವತನದಾರನ ವಿಧವೆಯೊಬ್ಬಳನ್ನು ಬಿಟ್ಟರೆ, ಮನೆತನದ ಉಳಿದ ಯಾವ ಹೆಣ್ಣಿಗೂ ಅರ್ಹನಾದ ಗಂಡಸೊಬ್ಬ ವಂಶದಲ್ಲಿ ಇರುವವರೆಗೆ ವತನ ಬರುವಂತಿರಲಿಲ್ಲ. ಮಗಳು ಎದುರಿಗಿದ್ದರೂ ದೂರದ ದಾಯಾದಿಯೇ ಮೊದಲು. ಈ ಮಾತನ್ನು ಓದುಗರು ನೆನಪಿನಲ್ಲಿಡಬೇಕು. ಮುಂದೆ ಇದು ಮತ್ತೆ ಬರುತ್ತದೆ.

1950ರಲ್ಲಿ ಸಂವಿಧಾನ ಜಾರಿಗೆ ಬಂದಾಗ ಅದರ 16ನೆಯ ವಿಧಿ ಸರಕಾರಿ ಉದ್ಯೋಗದಲ್ಲಿ ಎಲ್ಲರಿಗೂ ಸಮಾನ ಅವಕಾಶವೆಂದು ಸಾರಿತು. ಧರ್ಮ, ಜಾತಿ, ಲಿಂಗಗಳ ಜೊತೆಗೆ ‘ವಂಶ’ದ ಕಾರಣಕ್ಕಾಗಿಯೂ ಭೇದ ಮಾಡಕೂಡದೆಂದು ಬರೆಯಿತು. ಆ ವರ್ಷವೇ ಮುಂಬಯಿ ರಾಜ್ಯ ಪರಗಣೆ ಮತ್ತು ಕುಲಕರ್ಣಿ ವತನಗಳನ್ನು ರದ್ದುಪಡಿಸುವ ಕಾಯಿದೆ ಮಾಡಿತು. ಆದರೆ ಕೊನೆಯ ಪೆಟ್ಟು ಬಿದ್ದದ್ದು 1960ರ ಡಿಸೆಂಬರಿನಲ್ಲಿ. ಆಂಧ್ರದ ಗುಂಟೂರು ಜಿಲ್ಲೆಯ ಒಂದು ಹಳ್ಳಿಯ ಗ್ರಾಮ ಮುನ್ಸೀಫನ ಹುದ್ದೆಗೆ ಇಬ್ಬರ ನಡುವೆ ತಕರಾರು ಎದ್ದು, ಹಿಂದಿನ ಅಧಿಕಾರಿಯ ಮನೆತನದವನನ್ನೇ ಆರಿಸಬೇಕೆಂಬ ಮದರಾಸು ಕಾಯಿದೆಯ ಮಾತು ಸರ್ವೋಚ್ಚ ನ್ಯಾಯಾಲಯದ ಮುಂದೆ ಬಂದಿತು. ಗ್ರಾಮಾಧಿಕಾರವೂ ಸರಕಾರದ ಅಡಿಯ ಹುದ್ದೆಯೇ, ವಂಶ ನೋಡಿ ಅದನ್ನು ಕೊಡುವುದು 16ನೆಯ ವಿಧಿಗೆ ವಿರುದ್ಧ ಎಂದು ನ್ಯಾಯಾಲಯ ಹೇಳಿತು. ಮೈಸೂರು ರಾಜ್ಯ 1961ರಲ್ಲಿ ಗ್ರಾಮಾಧಿಕಾರಗಳ ರದ್ದಿಯಾತಿ ಕಾಯಿದೆ ಮಾಡಿ, 1963ರ ಫೆಬ್ರುವರಿ 1ರಿಂದ ಅದನ್ನು ಜಾರಿಗೆ ತಂದಿತು. ಶಾನುಭೋಗರ ಜಾಗಕ್ಕೆ ಸಂಬಳದ ಗ್ರಾಮ ಲೆಕ್ಕಿಗರು ಬಂದರು. ಅಲ್ಲಿಗೆ ಒಂದು ಯುಗ ಮುಗಿಯಿತು.

ಆದರೆ ಅಷ್ಟರೊಳಗೆ ಇನ್ನೊಂದು ಬಗೆಯ ಸಂಸಾರ ಹುಟ್ಟಿಕೊಂಡಿತ್ತು. ಹೊಲಮನೆ ಬಿಟ್ಟು ಪಟ್ಟಣ ಸೇರಿ ತಿಂಗಳ ಸಂಬಳವನ್ನೇ ನಂಬಿದ ಗುಮಾಸ್ತೆ, ಜವಾನ, ಗ್ಯಾಂಗ್‌ಮನ್, ಪೋಸ್ಟ್‌ಮನ್‌ಗಳ ಸಂಸಾರ. ವತನದಾರ ಸತ್ತರೆ ಜಮೀನು ಉಳಿಯುತ್ತಿತ್ತು, ಗುಮಾಸ್ತೆ ಸತ್ತರೆ ಮರುತಿಂಗಳ ಒಂದನೆಯ ತಾರೀಖೇ ಬರುವುದಿಲ್ಲ. ಕೇಂದ್ರ ಸರಕಾರದ ಸಾಮಾನ್ಯ ನೌಕರರ ವಿಧವೆಯರಿಗೆ ಇಂದು ನಮಗೆ ಪರಿಚಿತವಾದ ಕುಟುಂಬ ಪಿಂಚಣಿ ದೊರೆತದ್ದು 1964ರ ಜನವರಿಯಿಂದ ಎಂಬುದನ್ನು ನೆನೆದರೆ ಅದಕ್ಕೆ ಮುಂಚಿನ ವಿಧವೆಯರ ಪಾಡು ಏನಿತ್ತೆಂದು ಊಹಿಸಬಹುದು. ಆ ಯೋಜನೆಗೂ ಮೊದಮೊದಲು ನೌಕರನ ಗ್ರಾಚ್ಯುಟಿಯಲ್ಲಿ ಎರಡು ತಿಂಗಳ ಸಂಬಳದಷ್ಟನ್ನು ಮುರಿದುಕೊಳ್ಳುತ್ತಿದ್ದರು. ಅದು ನಿಂತದ್ದು 1977ರಲ್ಲಿ.

ಇಂಥ ಮನೆಗಳಿಗಾಗಿಯೇ ಅನುಕಂಪದ ನೇಮಕಾತಿ ಬೆಳೆಯಿತು. ಕೇಂದ್ರ ಸರಕಾರ ಸುತ್ತೋಲೆಗಳ ಮೂಲಕ ಅದನ್ನು ನಡೆಸಿತು. ಉತ್ತರ ಪ್ರದೇಶ 1974ರಲ್ಲಿಯೇ ಇದಕ್ಕೆ ನಿಯಮಾವಳಿ ರಚಿಸಿತು. ಬೇರೆ ರಾಜ್ಯಗಳೂ, ರೈಲ್ವೆ, ಬ್ಯಾಂಕು, ಸರಕಾರಿ ಕಾರ್ಖಾನೆಗಳೂ ಇದೇ ದಾರಿ ಹಿಡಿದವು. ಉದ್ದೇಶ ಸರಳವಾದದ್ದು. ಮುಳುಗುವವನಿಗೆ ಒಂದು ಹಗ್ಗ ಎಸೆಯುವುದು. ಆದರೆ ಹಗ್ಗ ಎಸೆಯುವುದಕ್ಕೂ ದೋಣಿಯನ್ನೇ ಬರೆದುಕೊಡುವುದಕ್ಕೂ ಅಂತರವಿದೆಯಷ್ಟೆ. ಆ ಅಂತರ ಎಷ್ಟು ಎಂಬುದರ ಮೇಲೆಯೇ ಮುಂದಿನ ಮೊಕದ್ದಮೆಗಳೆಲ್ಲ ನಡೆದವು.

1987ರಲ್ಲಿ ದಿಲ್ಲಿ ಪೋಲೀಸರ ಒಂದು ನಿಯಮ ಸರ್ವೋಚ್ಚ ನ್ಯಾಯಾಲಯಕ್ಕೆ ಬಂದಿತು. ಪೋಲೀಸರ ಮಕ್ಕಳಿಗೆ ಭರ್ತಿಯಲ್ಲಿ ರಿಯಾಯಿತಿ ಕೊಡುವ ನಿಯಮವದು. ತಂದೆ ಬದುಕಿದ್ದು ನೌಕರಿಯಲ್ಲಿದ್ದರೂ ಸೈ, ನಿವೃತ್ತನಾಗಿದ್ದರೂ ಸೈ. ಇದು ವಂಶದ ಆಧಾರದ ಮೇಲಿನ ಭೇದವೇ ಎಂದು ನ್ಯಾಯಾಲಯ ಅದನ್ನು ಒಪ್ಪಲಿಲ್ಲ. ಎರಡೇ ವರ್ಷಗಳ ನಂತರ, 1989ರಲ್ಲಿ, ಅದೇ ನ್ಯಾಯಾಲಯ ಇನ್ನೊಂದು ಮುಖವನ್ನು ತೋರಿಸಿತು. ಗಡಿ ರಸ್ತೆ ಇಲಾಖೆಯ ಸ್ಟೋರ್ ಕೀಪರನೊಬ್ಬ 1982ರಲ್ಲಿ ತೀರಿಕೊಂಡಿದ್ದ. ಅವನ ವಿಧವೆ ಮರುತಿಂಗಳೇ ಗುಮಾಸ್ತೆಯ ಕೆಲಸಕ್ಕೆ ಅರ್ಜಿ ಹಾಕಿ ಪರೀಕ್ಷೆಯಲ್ಲೂ ತೇರ್ಗಡೆಯಾಗಿದ್ದಳು. ವರ್ಷಗಟ್ಟಲೆ ಅಲೆಸಿ ಕೊನೆಗೆ ಇಲಾಖೆ ಹೇಳಿದ್ದು: 1985ರಿಂದ ನಮ್ಮಲ್ಲಿ ಹೆಂಗಸರನ್ನು ತೆಗೆದುಕೊಳ್ಳುವುದಿಲ್ಲ. ನ್ಯಾಯಾಲಯ ಇದನ್ನು ತಳ್ಳಿಹಾಕಿತು. ಇಂಥ ನೇಮಕಾತಿ ಕೂಡಲೇ ಆಗಬೇಕು, ಖಾಲಿ ಜಾಗವಿಲ್ಲದಿದ್ದರೆ ಹೆಚ್ಚುವರಿ ಹುದ್ದೆ ಸೃಷ್ಟಿಸಿಯಾದರೂ ಕೊಡಬೇಕು ಎಂದಿತು. ಮಾತು ತಾಯಿಯಂಥದು. ಆದರೆ ಆ ಹೆಣ್ಣುಮಗಳು ಕಾದದ್ದು ಏಳು ವರ್ಷ.

ತಾಯಿಯ ಮಾತಿನ ಹಿಂದೆಯೇ ತಂದೆಯ ಮಾತೂ ಬಂದಿತು. 1994ರಲ್ಲಿ ಹರಿಯಾಣದ ಒಂದು ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯ ಈ ವಿಷಯದ ಲಕ್ಷ್ಮಣರೇಖೆಯನ್ನು ಎಳೆಯಿತು. ಸರಕಾರಿ ಕೆಲಸಕ್ಕೆ ಅರ್ಹತೆಯೇ ರಾಜಮಾರ್ಗ, ಇದು ಅದಕ್ಕೊಂದು ಅಪವಾದ ಮಾತ್ರ. ನೌಕರ ಸತ್ತನೆಂಬುದೊಂದೇ ಕಾರಣವಲ್ಲ, ಮನೆ ನಿಜವಾಗಿ ಕಷ್ಟದಲ್ಲಿರಬೇಕು. ಸತ್ತವನು ದೊಡ್ಡ ಅಧಿಕಾರಿಯಾಗಿದ್ದರೂ ಕೊಡುವುದು ಮೂರನೆಯ, ನಾಲ್ಕನೆಯ ದರ್ಜೆಯ ಕೆಲಸವನ್ನು ಮಾತ್ರ. ಬಹುಕಾಲ ಕಳೆದ ಮೇಲೆ ಕೇಳುವಂತಿಲ್ಲ. ಇದು ವಾರಸಾ ಹಕ್ಕಲ್ಲ. ಕೇಂದ್ರ ಸರಕಾರವೂ ಕೈ ಬಿಗಿಹಿಡಿಯಿತು. ನೇರ ಭರ್ತಿಯ ಖಾಲಿ ಜಾಗಗಳಲ್ಲಿ ನೂರಕ್ಕೆ 5ಕ್ಕಿಂತ ಹೆಚ್ಚನ್ನು ಹೀಗೆ ತುಂಬಕೂಡದೆಂದು 1995ರಲ್ಲಿ ಮಿತಿ ಹಾಕಿತು. 1998ರ ಅಕ್ಟೋಬರಿನಲ್ಲಿ ಎಲ್ಲ ಸುತ್ತೋಲೆಗಳನ್ನೂ ಒಟ್ಟುಮಾಡಿ ಒಂದು ಯೋಜನೆಯನ್ನು ಹೊರಡಿಸಿತು.

ಆ ಯೋಜನೆಯಲ್ಲಿ ಎರಡು ಅಂಶಗಳು ನಮಗೆ ಮೆಚ್ಚುಗೆಯಾದವು. ಕೆಲಸ ಪಡೆದವರು ಸತ್ತ ನೌಕರನ ಉಳಿದ ಅವಲಂಬಿತರನ್ನೆಲ್ಲ ಸಾಕುವುದಾಗಿ ಬರೆದುಕೊಡಬೇಕು. ಮಾತು ತಪ್ಪಿದರೆ ಕೆಲಸವನ್ನೇ ಕಳೆಯಬಹುದು. ಅಂದರೆ ಕುರ್ಚಿ ಮಗನ ಸ್ವಂತದ್ದಲ್ಲ, ಮನೆಯದು. ಎರಡನೆಯದು, ಹೀಗೆ ಕೆಲಸಕ್ಕೆ ಸೇರಿದ ವಿಧವೆ ಮರುಮದುವೆಯಾದರೂ ಅವಳ ಕೆಲಸಕ್ಕೆ ಧಕ್ಕೆಯಿಲ್ಲ. ಹಳೆಯ ಕಾಯಿದೆಗಳಲ್ಲಿ ಇಂಥ ಸೌಜನ್ಯ ಹುಡುಕಿದರೂ ಸಿಕ್ಕದು. ಆದರೆ ಜಾಗ 5, ಕೇಳುವವರು ಅದಕ್ಕೂ ಹೆಚ್ಚು ಎಂದಾದಾಗ ಅರ್ಜಿಗಳು ಕಡತದಲ್ಲೇ ಹಳದಿಗಟ್ಟುತ್ತವೆ. 2003ರಲ್ಲಿ ಒಂದು ಅರ್ಜಿಯನ್ನು ಮೂರು ವರ್ಷ ಮಾತ್ರ ಪರಿಶೀಲನೆಯಲ್ಲಿಟ್ಟು ಆಮೇಲೆ ಮುಗಿಸಿಬಿಡಬೇಕೆಂಬ ನಿಯಮ ಮಾಡಿದರು. ಒಂಬತ್ತು ವರ್ಷಗಳ ನಂತರ, 2012ರ ಜುಲೈಯಲ್ಲಿ, ಅದನ್ನು ಹಿಂತೆಗೆದುಕೊಂಡರು. ಆ ಒಂಬತ್ತು ವರ್ಷಗಳಲ್ಲಿ ಮುಚ್ಚಿದ ಪ್ರತಿಯೊಂದು ಕಡತದ ಹಿಂದೆಯೂ ಒಂದು ಅಡಿಗೆಮನೆ ಇತ್ತೆಂಬುದನ್ನು ಮರೆಯುವಂತಿಲ್ಲ.

ಅನುಕಂಪವು ಮತ್ತೆ ವತನದ ಕಡೆಗೆ ಜಾರಿದ ಉದಾಹರಣೆಗಳೂ ಉಂಟು. ರೈಲ್ವೆ 2004ರಲ್ಲಿ ಗ್ಯಾಂಗ್‌ಮನ್ ಮತ್ತು ಡ್ರೈವರರಿಗಾಗಿ ಒಂದು ಯೋಜನೆ ತಂದು 2010ರಲ್ಲಿ ಅದನ್ನು ವಿಸ್ತರಿಸಿತು. ನೌಕರ ಅವಧಿಗೆ ಮುನ್ನ ನಿವೃತ್ತಿ ಪಡೆದರೆ ಅವನ ಮಗನಿಗೆ ಕೆಲಸ. ಇಲ್ಲಿ ಸಾವೂ ಇಲ್ಲ, ಸಂಕಟವೂ ಇಲ್ಲ. 2016ರಲ್ಲಿ ಪಂಜಾಬ್ ಮತ್ತು ಹರಿಯಾಣ ಉಚ್ಚ ನ್ಯಾಯಾಲಯ ಇದು ಸಂವಿಧಾನಕ್ಕೆ ಹೊಂದುವುದಿಲ್ಲವೆಂದಿತು, 2018ರಲ್ಲಿ ರೈಲ್ವೆ ಅದನ್ನು ಕೈಬಿಟ್ಟಿತು. ಮಹಾರಾಷ್ಟ್ರದಲ್ಲಿ ಲಾಡ್-ಪಾಗೆ ಸಮಿತಿಯ ಶಿಫಾರಸಿನಂತೆ ಸಫಾಯಿ ಕಾರ್ಮಿಕರ ವಾರಸುದಾರರಿಗೆ ಅದೇ ಕೆಲಸ ಕೊಡುವ ಪದ್ಧತಿ ಇದೆ. ಹೊಟ್ಟೆಪಾಡಿನ ದೃಷ್ಟಿಯಿಂದ ಅದು ದೊಡ್ಡ ಆಸರೆಯೇ ಸರಿ. ಆದರೆ ತಲೆಮಾರಿನಿಂದ ತಲೆಮಾರಿಗೆ ಕೈಗೆ ಪೊರಕೆಯೇ ಬರುವುದಾದರೆ ಅದನ್ನು ಆಸರೆ ಎನ್ನಬೇಕೋ ಸಂಕೋಲೆ ಎನ್ನಬೇಕೋ? ಅಪ್ಪ ನೆಟ್ಟ ಆಲದ ಮರ ನೆರಳನ್ನೂ ಕೊಡುತ್ತದೆ, ನೇಣಿಗೂ ಒದಗುತ್ತದೆ.

ಇನ್ನು ನಮ್ಮ ಕರ್ನಾಟಕಕ್ಕೆ ಬರೋಣ. ಅಲ್ಲಿ ಈಗಲೂ ನಡೆಯುವುದು 1996ರ ನಿಯಮಾವಳಿ, ಆಗಾಗ ತಿದ್ದುಪಡಿಯಾಗುತ್ತ ಬಂದದ್ದು. ತಂದೆ ಸತ್ತಾಗ ಮಕ್ಕಳು ಚಿಕ್ಕವರಾಗಿದ್ದರೆ ಪ್ರಾಪ್ತ ವಯಸ್ಸಿಗೆ ಬಂದ ಮೇಲೆ ಒಂದು ವರ್ಷದೊಳಗೆ ಅರ್ಜಿ ಹಾಕಬಹುದೆಂದು ಮೊದಲಿತ್ತು. 1999ರಲ್ಲಿ ಅದನ್ನು ಬದಲಿಸಿ, ಸಾವಿನಿಂದ ಒಂದು ವರ್ಷದೊಳಗೇ ಅರ್ಜಿ ಬರಬೇಕು, ಅಷ್ಟರಲ್ಲಿ ಮಗುವಿಗೆ 18 ತುಂಬಿರಬೇಕು ಎಂದು ಮಾಡಿದರು. ಹಳೆಯ ನಿಯಮ ನಂಬಿ ಕಾದವರು ಮೊಕದ್ದಮೆ ಹೂಡಿದರು. 2020ರ ಮಾರ್ಚಿಯಲ್ಲಿ ಸರ್ವೋಚ್ಚ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠ, ಅರ್ಜಿಯನ್ನು ಪರಿಶೀಲಿಸುವ ದಿನ ಯಾವ ನಿಯಮವಿದೆಯೋ ಅದೇ ಅನ್ವಯಿಸುತ್ತದೆ ಎಂದು ತೀರ್ಪಿತ್ತಿತು. ಇಷ್ಟು ವರ್ಷ ಮನೆ ಹೇಗೋ ನಡೆಯಿತಲ್ಲ ಎಂಬುದು ಕಾಯಿದೆಯ ತರ್ಕ. ಹೇಗೆ ನಡೆಯಿತೆಂಬುದು ಅವರಿವರ ಮನೆಯಲ್ಲಿ ರೊಟ್ಟಿ ತಟ್ಟಿ ಮಕ್ಕಳನ್ನು ಓದಿಸಿದ ತಾಯಿಗೆ ಮಾತ್ರ ಗೊತ್ತು.

ಅದೇ ವರ್ಷದ ಡಿಸೆಂಬರಿನಲ್ಲಿ ಕರ್ನಾಟಕ ಉಚ್ಚ ನ್ಯಾಯಾಲಯದಿಂದ ಇನ್ನೊಂದು ತೀರ್ಪು ಹೊರಬಿದ್ದಿತು. ಬೆಳಗಾವಿ ಜಿಲ್ಲೆಯ ಕುಡಚಿಯ ಕೃಷಿ ಉತ್ಪನ್ನ ಮಾರುಕಟ್ಟೆ ಕಚೇರಿಯ ನೌಕರರೊಬ್ಬರು ಸೇವೆಯಲ್ಲಿರುವಾಗ ತೀರಿಕೊಂಡಿದ್ದರು. ಅವರ ಮಗಳು ಅರ್ಜಿ ಹಾಕಿದರೆ ಮದುವೆಯಾಗಿದೆಯೆಂಬ ಕಾರಣಕ್ಕೆ ತಿರಸ್ಕರಿಸಿದರು. ಮದುವೆಯಾದ ಮಗ ಮಗನಾಗಿಯೇ ಉಳಿಯುತ್ತಾನೆ, ಮದುವೆಯಾದ ಮಗಳು ಮಾತ್ರ ಹೊರಗಿನವಳು! ನ್ಯಾಯಮೂರ್ತಿ ಎಂ. ನಾಗಪ್ರಸನ್ನ ಅವರು ನಿಯಮದಲ್ಲಿದ್ದ ‘ಅವಿವಾಹಿತ’ ಎಂಬ ಪದವನ್ನೇ ಅಸಂವಿಧಾನಿಕವೆಂದು ತೆಗೆದುಹಾಕಿದರು. 2021ರಲ್ಲಿ ಸರಕಾರ ನಿಯಮವನ್ನು ತಿದ್ದಿತು. ಕೇಂದ್ರ ಸರಕಾರವಂತೂ ತಂದೆಯನ್ನೇ ಸಂಪೂರ್ಣವಾಗಿ ಅವಲಂಬಿಸಿದ್ದು, ಮನೆಯ ಉಳಿದವರನ್ನು ಸಾಕುವ ಹೊಣೆ ಹೊರುವ ವಿವಾಹಿತ ಮಗಳನ್ನು ಪರಿಗಣಿಸಬಹುದೆಂದು 2013ರಲ್ಲಿಯೇ ಸ್ಪಷ್ಟಪಡಿಸಿತ್ತು. ಅದೇ ಬೆಳಗಾವಿ ಸೀಮೆಯಲ್ಲಿ 1886ರಲ್ಲಿ ದಾಯಾದಿಗಳ ಹಿಂದೆ ನಿಲ್ಲಿಸಿದ್ದ ಮಗಳು ಮನೆಯ ಮುಂಬಾಗಿಲಿಗೆ ಬರಲು 134 ವರ್ಷ ಬೇಕಾಯಿತು.

ಇಷ್ಟನ್ನೆಲ್ಲ ನೋಡಿದ ಮೇಲೆ ಮೊದಲಿನ ಪ್ರಶ್ನೆಗೆ ಉತ್ತರ ದೊರೆಯುತ್ತದೆ. ವತನ ಕೇಳುತ್ತಿದ್ದುದು ‘ನೀನು ಯಾರ ಮಗ?’ ಎಂದು. ಅನುಕಂಪ ಕೇಳುವುದು ‘ಇಂದು ನಿಮ್ಮ ಮನೆಯಲ್ಲಿ ಒಲೆ ಹೊತ್ತಿತೇ?’ ಎಂದು. ಈ ಎರಡನೆಯ ಪ್ರಶ್ನೆ ಕೇಳುವವರೆಗೆ ಅದು ನ್ಯಾಯ. ಮೊದಲನೆಯದನ್ನು ಕೇಳತೊಡಗಿದ ದಿನ ಅದು ಅನ್ಯಾಯ. ಏಕೆಂದರೆ ಹೀಗೆ ಕೊಟ್ಟ ಪ್ರತಿಯೊಂದು ಕೆಲಸಕ್ಕೂ, ರಾತ್ರಿಯಿಡೀ ಓದಿ ಪರೀಕ್ಷೆ ಬರೆದ, ನಮಗೆ ಹೆಸರು ಗೊತ್ತಿಲ್ಲದ ಒಬ್ಬ ಹುಡುಗನೋ ಹುಡುಗಿಯೋ ಒಂದು ಹೆಜ್ಜೆ ಹಿಂದೆ ಸರಿದು ನಿಲ್ಲಬೇಕಾಗುತ್ತದೆ. ಅವರೂ ಯಾರದೋ ಬಡ ಮನೆಯ ಮಕ್ಕಳೇ.

ಆದರೆ ಕಷ್ಟದ ಮನೆಗೆ ಸಲ್ಲಬೇಕಾದದ್ದು ತಡವಾಗಿ ಸಂದರೆ ಅದು ಸಲ್ಲದಂತೆಯೇ. ನೂರಾರು ಮೊಕದ್ದಮೆಗಳ ಸಾರವೇನೆಂದರೆ, ಈ ವಿಷಯದಲ್ಲಿ ಕಾಲವೇ ಎಲ್ಲಕ್ಕಿಂತ ದೊಡ್ಡ ಶತ್ರು. ಹದಿಮೂರನೆಯ ದಿನ ಕಳೆದ ಮೇಲೆ ಬಂಧುಗಳು ಊರಿಗೆ ಮರಳುತ್ತಾರೆ. ಭಾಷೆ ಬಾರದ ಊರಿನಲ್ಲಿ, ಕಚೇರಿಯ ಮೆಟ್ಟಿಲನ್ನೇ ಹತ್ತದ ಹೆಣ್ಣುಮಗಳಿಗೆ ಯಾವ ಕಾಗದ, ಯಾವ ಮೇಜು ಎಂಬುದೇ ತಿಳಿಯದು. ಇಲ್ಲಿಯೇ ನಮ್ಮಂಥ ಸಂಘಗಳ ಕೆಲಸವಿದೆ. ರಾಜ್ಯೋತ್ಸವ, ನಾಟಕ, ದಾಸರ ಪದಗಳು ನಡೆಯಲಿ; ಅದರ ಜೊತೆಗೆ ಸರಕಾರಿ ಕಚೇರಿಗಳಲ್ಲಿ ಕೆಲಸ ಮಾಡಿ ನಿವೃತ್ತರಾದ ಹಿರಿಯರಿಬ್ಬರು ಇಂಥ ಮನೆಗೆ ಹೋಗಿ ಕುಟುಂಬ ಪಿಂಚಣಿಯ ಫಾರಂ ತುಂಬಿಸಿ, ಕೆಲಸದ ಅರ್ಜಿಯನ್ನು ಅವಧಿಯೊಳಗೆ ಬರೆಯಿಸಿ, ಸಲ್ಲಿಸಿದ್ದಕ್ಕೆ ರಸೀತಿ ಪಡೆಯುವಂತೆ ನೋಡಿಕೊಂಡರೆ ಅದಕ್ಕಿಂತ ದೊಡ್ಡ ಕನ್ನಡ ಸೇವೆ ಇನ್ನೊಂದಿಲ್ಲ. ನೌಕರಿಯಲ್ಲಿರುವ ಪ್ರತಿಯೊಬ್ಬ ಬಂಧುವೂ ತನ್ನ ಸೇವಾ ಪುಸ್ತಕದಲ್ಲಿ ಕುಟುಂಬದವರ ಹೆಸರು, ಜನ್ಮದಿನಾಂಕ, ನಾಮನಿರ್ದೇಶನಗಳು ಸರಿಯಾಗಿವೆಯೇ ಎಂದು ಇಂದೇ ನೋಡಿಕೊಳ್ಳುವುದು ಲೇಸು. ಅವು ಎಲ್ಲಿವೆಯೆಂದು ಮನೆಯವರಿಗೆ ಹೇಳಿಡುವುದು ಅಶುಭವೇನೂ ಅಲ್ಲ.

ಮಕ್ಕಳಿಗೆ ನಾವು ಬಿಟ್ಟುಹೋಗಬೇಕಾದದ್ದು ಕುರ್ಚಿಯನ್ನಲ್ಲ, ತಮ್ಮ ಕುರ್ಚಿಯನ್ನು ತಾವೇ ಗಳಿಸುವ ವಿದ್ಯೆಯನ್ನು. ಆದರೆ ಆ ವಿದ್ಯೆ ಮುಗಿಯುವ ಮೊದಲೇ ತಂದೆಯ ಉಸಿರು ನಿಂತರೆ, ಆ ಮನೆಯ ಬಾಗಿಲಲ್ಲಿ ಸರಕಾರ ನಿಲ್ಲಬೇಕು. ಅದು ಬರುವವರೆಗೆ ನೆರೆಯವರಾದ ನಾವು ನಿಲ್ಲಬೇಕು.